ಅಪ್ಪ ಕಣ್ಣೆತ್ತಿ ನೋಡಿದರೆ

ಕೆಲವು ಮನೆಗಳಿಗೆ ನಗುವ ಪ್ರಸಂಗಗಳು ವಿಳಾಸ ಕೇಳಿಕೊಂಡು ಬರುತ್ತವೆ. ರಾಣೆಬೆನ್ನೂರಿನ ನಮ್ಮ ಮನೆ ಅಂಥದ್ದು. ಉಳಿದವರ ಮನೆಯಲ್ಲಿ ಮದುವೆ, ತೊಟ್ಟಿಲು, ಸೀಮಂತದಲ್ಲಿ ನಗೆಯಾದರೆ ನಮ್ಮಲ್ಲಿ ಯಾರಾದರೂ ತೀರಿಕೊಂಡಾಗಲೇ ಏನಾದರೊಂದು ನಡೆದುಬಿಡುತ್ತಿತ್ತು. ನಾವು ಕಲ್ಲುಮನಸ್ಸಿನವರೇನಲ್ಲ. ಅಪ್ಪನ ಕಸುಬೇ ಅಂಥದ್ದು, ಏನು ಮಾಡುವುದು?

ಅಪ್ಪ ಹೂವಿನ ವಿಮಾನ ಕಟ್ಟುತ್ತಿದ್ದ. ನಮ್ಮ ಕಡೆ ಲಿಂಗವಂತರು ಸತ್ತವರನ್ನು ಮಲಗಿಸಿ ಒಯ್ಯುವುದಿಲ್ಲ. ಮೀಯಿಸಿ, ವಿಭೂತಿ ಹಚ್ಚಿ, ರುಮಾಲು ಸುತ್ತಿ, ಬಿದಿರಿನ ಗೂಡಿನಲ್ಲಿ ನೆಟ್ಟಗೆ ಕೂರಿಸಿ, ಸುತ್ತ ಸೇವಂತಿಗೆ, ಚೆಂಡುಹೂ, ಮರುಗ ತುಂಬಿ, ಭಜನೆ ಹೇಳುತ್ತ ಹೆಗಲ ಮೇಲೆ ಹೊತ್ತು ನಡೆಯುತ್ತಾರೆ. ಆ ಗೂಡೇ ವಿಮಾನ. ಒಳಗೆ ಕೂತವರ ಭುಜ ತಾಗಬಾರದು, ತಲೆ ಬಡಿಯಬಾರದು, ಹಾಗಂತ ಸಡಿಲಾಗಿ ಪಕ್ಕಕ್ಕೆ ವಾಲಲೂಬಾರದು. ಹೀಗಾಗಿ ಅಪ್ಪನ ಕಣ್ಣು ಯಾರನ್ನು ಕಂಡರೂ ಮೊದಲು ಸೊಂಟದಿಂದ ನೆತ್ತಿಯವರೆಗೆ ಏರುತ್ತಿತ್ತು, ಆಮೇಲೆ ಈ ಭುಜದಿಂದ ಆ ಭುಜಕ್ಕೆ ಹೋಗುತ್ತಿತ್ತು. ಅವನಿಗೆ ಅದು ಗೊತ್ತೇ ಆಗುತ್ತಿರಲಿಲ್ಲ. ನೋಡಿಸಿಕೊಂಡವರಿಗೆ ಮಾತ್ರ ಚೆನ್ನಾಗಿ ಗೊತ್ತಾಗುತ್ತಿತ್ತು.

ಇನ್ನೊಂದು ವಿಚಿತ್ರವಿತ್ತು. ಸುದ್ದಿ ಬರುವ ಮುಂಚೆಯೇ ಅವನ ಕೈ ಕೆಲಸ ಶುರು ಮಾಡಿಬಿಡುತ್ತಿತ್ತು. ಬೆಳಿಗ್ಗೆ ಚಹಾ ಕುಡಿಯುತ್ತ ಕೂತವನು ಸುಮ್ಮನೆ ಬಾಳೆನಾರು ಎಳೆದು ಮರುಗ ಕಟ್ಟತೊಡಗಿದನೆಂದರೆ ನಾನು ಬಾಗಿಲ ಕಡೆ ನೋಡುತ್ತಿದ್ದೆ. ಸ್ವಲ್ಪ ಹೊತ್ತಿಗೆ ಯಾರೋ ತಲೆಯ ಮೇಲೆ ಟವೆಲ್ ಹಾಕಿಕೊಂಡು ಸೈಕಲ್ಲಿನಿಂದ ಇಳಿಯುತ್ತಿದ್ದರು.

"ನಿನಗ ಮೊದ್ಲ ಹೆಂಗ ಗೊತ್ತಾಕ್ಕತಿ?" ಎಂದು ಒಮ್ಮೆ ಕೇಳಿದೆ.

"ನನಗೆಲ್ಲಿ ಗೊತ್ತಾಕ್ಕತಿ? ಕೈಗೆ ಗೊತ್ತಾಕ್ಕತಿ," ಎಂದ, ಸಕ್ಕರೆ ಹೆಚ್ಚಾಗಿದೆ ಅನ್ನುವಷ್ಟೇ ಸಹಜವಾಗಿ.

ಅವ್ವ ನಾನು ಚಿಕ್ಕವಳಿದ್ದಾಗಲೇ ಹೋಗಿದ್ದಳು. ಮನೆಯಲ್ಲಿ ನಾವಿಬ್ಬರೇ. ನಾನು ಬಿ.ಎ. ಮಾಡಿ ಒಂದು ಇಂಗ್ಲಿಷ್ ಮೀಡಿಯಂ ಶಾಲೆಯಲ್ಲಿ ಪಾಠ ಹೇಳುತ್ತಿದ್ದೆ. ಮೂವತ್ತರ ಹೊಸ್ತಿಲಿಗೆ ಬಂದಿದ್ದೆ. ಮದುವೆ ಆಗಿರಲಿಲ್ಲ. ಯಾಕೆ ಆಗಿರಲಿಲ್ಲ ಅನ್ನುವುದೇ ಮೊದಲ ಪ್ರಸಂಗ.

೧. ಅಜ್ಜನ ಭುಜ

ಹಿರೇಕೆರೂರು ಕಡೆಯಿಂದ ಒಂದು ಸಂಬಂಧ ಬಂದಿತ್ತು. ವರ, ಅವನ ತಂದೆ ತಾಯಿ, ಜೊತೆಗೆ ಆಜಾನುಬಾಹು ಅಜ್ಜ. ನಾನು ಉಪ್ಪಿಟ್ಟಿನ ತಾಟು ಹಿಡಿದು ಹೊರಬರುವಾಗ ಮಾತು ಚೆನ್ನಾಗಿಯೇ ಸಾಗಿತ್ತು. ಅಜ್ಜ ಮಳೆ ಬೆಳೆ ಮಾತಾಡುತ್ತಿದ್ದರು. ಅಪ್ಪನ ಕಣ್ಣು ಮೆಲ್ಲಗೆ ಅವರ ಸೊಂಟದಿಂದ ಮೇಲೇರುತ್ತಿರುವುದು ನನಗೆ ಕಂಡಿತು. ಕೆಮ್ಮಿದೆ. ತಾಟು ಬಡಿದೆ. ಅಷ್ಟರೊಳಗೆ ಅವನ ಬಾಯಿಂದ ಮಾತು ಬಂದೇಬಿಟ್ಟಿತು.

"ಅಜ್ಜಾರ ಭುಜ ಭಾಳ ಅಗಲ ಅದಾವ. ಒಂದು ಗೇಣು ಜಾಸ್ತಿ ಹಿಡೀಬೇಕಾಕ್ಕತಿ."

"ಏನಕ್ಕರೀ?" ಎಂದರು ವರನ ತಂದೆ.

ಅಪ್ಪ ಪ್ರಾಮಾಣಿಕ ಮನುಷ್ಯ. ಏನಕ್ಕೆ ಎಂದು ಹೇಳಿದ. ಉಪ್ಪಿಟ್ಟು ಹಾಗೇ ಉಳಿಯಿತು. ಅಜ್ಜ ಚಪ್ಪಲಿಯನ್ನು ಕೈಯಲ್ಲಿ ಹಿಡಿದುಕೊಂಡು ಬೀದಿಗಿಳಿದರು.

ಅಮಾವಾಸ್ಯೆಗೆ ಮುಂಚೆ ಅದೇ ಮನೆಯಿಂದ ಒಬ್ಬ ಬಂದ. ಅಜ್ಜ ತೀರಿಕೊಂಡಿದ್ದರು. ಬಂದವನು ಹೊಸ್ತಿಲ ಆಚೆಯೇ ನಿಂತು, ಅಪ್ಪನಿಗೆ ಮುಖ ತೋರಿಸದೆ ಗೋಡೆಯ ಕಡೆ ತಿರುಗಿ ಹೇಳಿದ: "ಅಳತಿ ನಿಮ್ಮ ಹತ್ರನ ಐತೆಂತಲ್ರೀ."

೨. ಪೇಟೆಯಲ್ಲಿ ಯಾರೂ ಇಲ್ಲ

ಎರಡು ಸಾವಿರದ ಇಸವಿಯ ಈಚಿನ ಮಾತು. ಊರಲ್ಲಿ ಇನ್ನೂ ಎಸ್‌ಟಿಡಿ ಬೂತುಗಳೇ ಜೋರಾಗಿದ್ದ ಕಾಲ. ಥಾಯ್ಲೆಂಡಿನಿಂದ ಇಬ್ಬರು ಹೆಂಗಸರು ನಮ್ಮ ಕಡೆಯ ಹೂವಿನ ಪೇಟೆ ನೋಡಲು ಬಂದರು. ಒಬ್ಬಾಕೆ ಅಲ್ಲಿ ಹೂಕಟ್ಟುವ ವಿದ್ಯೆ ಕಲಿಸುವ ಟೀಚರಮ್ಮ, ಅರವತ್ತರ ಆಸುಪಾಸು. ಇನ್ನೊಬ್ಬಳು ಆಕೆಯ ತಂಗಿಯ ಮಗಳು, ಇಂಗ್ಲಿಷ್ ಬಲ್ಲವಳು. ಧಾರವಾಡದ ಯಾರೋ ಪರಿಚಯದವರು ನನ್ನನ್ನು ಗೊತ್ತುಮಾಡಿದರು: ಇಂಗ್ಲಿಷೂ ಬರುತ್ತದೆ, ಹೂವೂ ಗೊತ್ತು. ಶಾಲೆಗೆ ರಜೆ ಇತ್ತು, ಒಪ್ಪಿಕೊಂಡೆ. ಉಳಿಯಲು ನಮ್ಮ ಮನೆಯೇ ಆಯಿತು. ಪೇಟೆಯ ಪರಿಚಯಕ್ಕೆಂದು ಅಪ್ಪನನ್ನೂ ಜೊತೆಗೆ ಕರೆದುಕೊಂಡೆ.

ಟೀಚರಮ್ಮನ ಹತ್ತಿರ ಮೊಳದುದ್ದದ ಸೂಜಿ ಇತ್ತು. ನಾವು ಹೂವಿಗೆ ಗಂಟು ಹಾಕುತ್ತೇವೆ. ಆಕೆ ಮೊಗ್ಗು ಮೊಗ್ಗಾಗಿ ಚುಚ್ಚಿ, ಗುಲಾಬಿ ಎಸಳನ್ನು ಮಡಿಚಿ, ಬಟ್ಟೆಯ ಮೇಲಿನ ಕಸೂತಿಯ ಹಾಗೆ ಹಾರ ಮಾಡುತ್ತಿದ್ದಳು. ಅದಕ್ಕೆ ಅವರು ಮಾಲೈ ಅನ್ನುತ್ತಾರಂತೆ. ದೇವರಿಗೂ ಅದೇ, ಮದುವೆಗೂ ಅದೇ, ಸತ್ತವರ ಪೆಟ್ಟಿಗೆಗೂ ಅದೇ ಕೈಯ ಹೂವು. ಇದನ್ನು ಕೇಳಿ ಅಪ್ಪ ಆ ಸೂಜಿಯನ್ನು ಕೈಗೆ ತೆಗೆದುಕೊಂಡು ತಿರುಗಿಸಿ ತಿರುಗಿಸಿ ನೋಡಿದ. ನಮ್ಮೂರಲ್ಲಿ ಅವನ ಕೈಯ ಹಾರವನ್ನು ಮದುವೆಗೆ ಯಾರೂ ಮುಟ್ಟುತ್ತಿರಲಿಲ್ಲ.

ನಸುಕಿನಲ್ಲಿ ರಾಣೆಬೆನ್ನೂರಿನ ಪೇಟೆಗೆ ಹೋದೆವು. ಮಂಜು ಬಿದ್ದಿತ್ತು. ಸೇವಂತಿಗೆಯ ರಾಶಿ, ಕಾಕಡಾ ಮಲ್ಲಿಗೆಯ ಬುಟ್ಟಿ, ತೂಗುವ ತಕ್ಕಡಿ, ಅರ್ಧ ಕುಡಿದಿಟ್ಟ ಚಹಾದ ಗ್ಲಾಸು, ಎಲ್ಲ ಇದ್ದವು. ಮನುಷ್ಯರು ಮಾತ್ರ ಒಬ್ಬರೂ ಇರಲಿಲ್ಲ. ಒಂದು ತಕ್ಕಡಿ ಇನ್ನೂ ತಾನೇ ತೂಗಾಡುತ್ತಿತ್ತು.

ಟೀಚರಮ್ಮ ನನ್ನ ತೋಳು ಹಿಡಿದುಕೊಂಡಳು. ತಂಗಿಯ ಮಗಳು ಪಿಸುದನಿಯಲ್ಲಿ ಕೇಳಿದಳು, ಇಲ್ಲಿ ವ್ಯಾಪಾರ ಮಾಡುವವರು ಬದುಕಿರುವವರೇ ತಾನೇ ಎಂದು.

ಆಗ ಚೆಂಡುಹೂವಿನ ದೊಡ್ಡ ರಾಶಿಯೊಳಗಿಂದ ಒಂದು ದನಿ ಬಂತು. "ತಂಗೀ, ನಿಮ್ಮಪ್ಪನ್ನ ಆಕಡಿ ಮಾರಿ ಮಾಡಿ ನಿಂದ್ರಸವ್ವಾ. ಬೋಣಿಗಿ ಟೈಮು."

೩. ಹಾವೇರಿಯ ಫೋಟೋ

ಹಾವೇರಿಗೆ ಬಂದು ಏಲಕ್ಕಿ ಹಾರ ನೋಡದೆ ಹೋಗುವುದುಂಟೇ? ಹಾರ ಮಾಡುವವರ ಮನೆಗೆ ಕರೆದುಕೊಂಡು ಹೋದೆ. ದೊಡ್ಡ ಮುಖಂಡರೊಬ್ಬರ ಸತ್ಕಾರಕ್ಕೆಂದು ಆಳೆತ್ತರದ ಹಾರ ಸಿದ್ಧವಾಗಿ ತೂಗುತ್ತಿತ್ತು. ಮನೆಯೆಲ್ಲ ಏಲಕ್ಕಿ ಘಮ. ಗೋಡೆಗೆ ಅದೇ ಮುಖಂಡರ ಫೋಟೋ.

ಅಪ್ಪನಿಗೆ ಮೊದಲೇ ತಾಕೀತು ಮಾಡಿದ್ದೆ, ಯಾರನ್ನೂ ನೋಡಬಾರದು ಎಂದು. ಅವನು ಮಾತು ಉಳಿಸಿಕೊಂಡ. ಯಾರನ್ನೂ ನೋಡಲಿಲ್ಲ. ಫೋಟೋ ನೋಡಿದ.

"ಇವರಿಗೆ ಈ ಹಾರ ಉದ್ದ ಆತು. ಕುಂತಾಗ ಮಡಚತತಿ," ಎಂದ.

ಮನೆಯ ಯಜಮಾನ ಓಡಿಬಂದು ಫೋಟೋವನ್ನು ಗೋಡೆಯ ಕಡೆ ತಿರುಗಿಸಿದ. ನಮ್ಮನ್ನು ಕಳಿಸಿಕೊಡುವ ಅವಸರದಲ್ಲಿ ಟೀಚರಮ್ಮನಿಗೆ ಒಂದು ಸಣ್ಣ ಹಾರ ಕೊಡುಗೆಯಾಗಿಯೂ ಕೊಟ್ಟ. ಮರುದಿನ ಪೇಟೆಯಲ್ಲಿ ಸುದ್ದಿ ಸಿಕ್ಕಿತು, ಮುಖಂಡರಿಗೆ ಜೋರು ನೆಗಡಿ, ಕಾರ್ಯಕ್ರಮ ಮುಂದಕ್ಕೆ ಹೋಗಿದೆ ಎಂದು. ನಾನು ಮುಖಂಡರ ಹೆಸರಿನಲ್ಲಿ ದೇವರಿಗೆ ಒಂದು ಕಾಯಿ ಹರಕೆ ಹೊತ್ತೆ.

ಅಪ್ಪ ಮಾತ್ರ ನಿರಾಳವಾಗಿದ್ದ. "ಬರೇ ಫೋಟೋ ನೋಡಿದ್ನೆಲ್ಲವಾ. ಅದಕ್ಕ ಬರೇ ನೆಗಡಿ."

೪. ಬ್ಯಾಡಗಿಯ ಕಣ್ಣೀರು

ಬ್ಯಾಡಗಿಯಲ್ಲಿ ಆ ದಿನ ಮೆಣಸಿನಕಾಯಿ ಪೇಟೆ. ಜಿಪುಣ ಯಜಮಾನರೊಬ್ಬರು ತೀರಿಕೊಂಡಿದ್ದರು. ಬದುಕಿದ್ದಾಗ ಒಬ್ಬರಿಗೂ ಒಂದು ಲೋಟ ನೀರು ಕೊಟ್ಟವರಲ್ಲ. ಅಪ್ಪ ಬೆಳಿಗ್ಗೆಯೇ ವಿಮಾನ ಕಟ್ಟಿ ಕೊಟ್ಟಿದ್ದ. ನೋಡಬೇಕೆಂದು ಟೀಚರಮ್ಮ ಆಸೆಪಟ್ಟಳು. ಹೋಗಿ ನಿಂತೆವು.

ಹಿರಿಯ ಮಗ ಅಪ್ಪನನ್ನು ಪಕ್ಕಕ್ಕೆ ಕರೆದು ಹೇಳಿದ: "ಹೂಗಾರ್ ಕಾಕಾ, ಮನ್ಯಾಗ ಒಬ್ರೂ ಅಳವಲ್ರು. ಸೊಸಿದೇರು ಟಿವಿ ಹಚ್ಚ್ಯಾರ. ಮಂದಿ ಏನ್ ತಿಳ್ಕೋತಾರ್ರೀ?"

ಅಪ್ಪ ತುಸು ಯೋಚಿಸಿದ. "ಮೆಣಸಿನಕಾಯಿ ಯಾರ್ಡಿನ ಮ್ಯಾಲ ಹಾಯಿಸಿಕೊಂಡು ಹೋಗೂಣು," ಎಂದ.

ಹಾಗೇ ಆಯಿತು. ಭಜನೆ ಮುಂದೆ, ವಿಮಾನ ಹಿಂದೆ. ಕೆಂಪು ರಾಶಿಗಳ ನಡುವೆ ಗಾಳಿ ಎದ್ದಿದ್ದೇ ತಡ, ಹೊತ್ತವರು ಅತ್ತರು, ಭಜನೆಯವರು ಅತ್ತರು, ಸೊಸೆಯಂದಿರು ಬಿಕ್ಕಿ ಬಿಕ್ಕಿ ಅತ್ತರು. ಹಮಾಲರು ಚೀಲ ಇಳಿಸಿ ಕಣ್ಣೊರೆಸಿಕೊಂಡರು. ಟೀಚರಮ್ಮನೂ ಅಳುತ್ತ, ಇಂಥ ಪ್ರೀತಿ ತಾನು ಎಲ್ಲೂ ಕಂಡಿಲ್ಲ ಎಂದು ತಂಗಿಯ ಮಗಳ ಮೂಲಕ ಹೇಳಿಸಿದಳು. ಆಮೇಲೆ ಥಟ್ಟನೆ ನನ್ನ ಕೈ ಹಿಂಡಿ ವಿಮಾನದ ಕಡೆ ಬೆರಳು ತೋರಿದಳು.

ನಾನೂ ನೋಡಿದೆ. ಮುಚ್ಚಿದ ರೆಪ್ಪೆಯ ಕೆಳಗಿನಿಂದ ಯಜಮಾನರ ಕೆನ್ನೆಯ ಮೇಲೆ ನೀರು ಇಳಿಯುತ್ತಿತ್ತು. ಎರಡೂ ಕಣ್ಣಿನಿಂದ. ಹೊತ್ತವರ ಹೆಜ್ಜೆ ನಿಂತಿತು, ಭಜನೆಯ ತಾಳ ನಿಂತಿತು. ರುಮಾಲಿನ ಹಸಿ ಹೂವಿನ ನೀರಿರಬೇಕು ಎಂದು ನಾನು ನನಗೇ ಹೇಳಿಕೊಂಡೆ. ರುಮಾಲಿಗೆ ಸಿಕ್ಕಿಸಿದ್ದು ಒಣ ಜರಿಯ ತುರಾಯಿ.

ಹಿರಿಯ ಮಗ ಹತ್ತಿರ ಹೋಗಿ ದಿಟ್ಟಿಸಿ ನೋಡಿ, ಮೂಗೊರೆಸಿಕೊಂಡು ಹೇಳಿದ: "ನಡೀರಿ ನಡೀರಿ. ಹೂವಿನ ಖರ್ಚು ಕಾಣಾಕತ್ತತಿ ಅವರಿಗೆ."

೫. ಇನ್ನೊಂದು ಕಪ್ ಚಹಾ

ಟೀಚರಮ್ಮನ ದೇಶದಲ್ಲಿ ಪ್ರತಿ ಮನೆಯಂಗಳದಲ್ಲೂ ಆ ಜಾಗದ ಆತ್ಮಗಳಿಗೆಂದು ಪುಟ್ಟ ಗುಡಿಯಂಥ ಗೂಡು ಇರುತ್ತದಂತೆ. ದಿನಾ ಅಲ್ಲಿಗೆ ಒಂದು ಹಾರ. ನಮ್ಮಲ್ಲಿ ಅಂಥ ಗೂಡು ಕಾಣದೆ ಆಕೆ ಪಡಸಾಲೆಯ ಮೂಲೆಯ ಮಣೆಯ ಮೇಲೆ ದಿನಾ ಬೆಳಿಗ್ಗೆ ಒಂದು ಹಾರ ಇಡುತ್ತಿದ್ದಳು. ಅಲ್ಲೇ ಯಾಕೆ ಎಂದು ನಾನು ಕೇಳಿರಲಿಲ್ಲ.

ಒಂದು ಸಂಜೆ ಚಹಾ ತಂದುಕೊಟ್ಟೆ. ಆಕೆ ಎಣಿಸಿ ನೋಡಿ, ಇನ್ನೊಂದು ಬೇಕು ಎಂದಳು.

"ನಾವು ಇರೋದೇ ಇಷ್ಟು ಜನ," ಎಂದೆ.

ತಂಗಿಯ ಮಗಳು ಕೇಳಿ ತಿಳಿದು ಹೇಳಿದಳು: ಮೂಲೆಯಲ್ಲಿ ಕೂತ ಅಜ್ಜಿಗೆ. ಹಸಿರು ಸೀರೆ, ಮೂಗಿನಲ್ಲಿ ನತ್ತು, ಒಂದು ಕಾಲು ಚಾಚಿ ಕೂತಿದ್ದಾರಲ್ಲ. ನಾವು ಬಂದ ದಿನದಿಂದ ನೀವು ಆಕೆಗೆ ಏನೂ ಕೊಟ್ಟಿಲ್ಲ, ಬೇಜಾರಾಗಿದ್ದಾರೆ.

ನಾನು ತಿರುಗಿ ನೋಡಿದೆ. ಮೂಲೆಯಲ್ಲಿ ಮಣೆ ಬಿಟ್ಟರೆ ಏನೂ ಇರಲಿಲ್ಲ. ಅಪ್ಪ ಆ ಕಡೆ ತಿರುಗಿಯೂ ನೋಡದೆ ಬೀಡಿ ಹೊತ್ತಿಸಿದ.

"ನಮ್ಮವ್ವ. ಮಣಕಾಲು ನೋವು ಆಕಿಗೆ. ಕೊಡವಾ ಒಂದ ಕಪ್, ಸಕ್ರಿ ಜಾಸ್ತಿ ಹಾಕು."

ಹಾಕಿದೆ. ಮಣೆಯ ಮುಂದೆ ಇಟ್ಟು ಅಡುಗೆಮನೆಗೆ ಓಡಿದೆ. ತಿರುಗಿ ಬಂದಾಗ ಕಪ್ ಖಾಲಿ. ಬೆಕ್ಕು ಕುಡಿದಿರಬೇಕು ಎಂದೆ.

"ಬೆಕ್ಕ ನಮ್ಮನ್ಯಾಗ ಎಲ್ಲೈತಿ?" ಎಂದ ಅಪ್ಪ. ಆಮೇಲೆ ನನ್ನ ಮುಖ ನೋಡಿ ಸಮಾಧಾನ ಮಾಡಿದ: "ಹೆದರಬ್ಯಾಡ. ಆಕಿ ನಿನ್ನ ಮದವಿ ನೋಡೂತನಾ ಹೋಗಾಂಗಿಲ್ಲ ಅಂದಾಳ."

ಮದುವೆಯಾಗಲು ನನಗೆ ಅದಕ್ಕಿಂತ ದೊಡ್ಡ ಕಾರಣ ಬೇಕಿರಲಿಲ್ಲ.

೬. ಬೇಗ ಬಂದವರು

ಅತಿಥಿಗಳು ಹೊರಡುವ ಮುನ್ನಾದಿನ ಕುಪ್ಪೇಲೂರಿನಿಂದ ನನ್ನನ್ನು ನೋಡಲು ಬರುವವರಿದ್ದರು. ವರ ಪಂಪ್‌ಸೆಟ್ ರಿಪೇರಿ ಮಾಡುವವನು. ಮಧ್ಯಸ್ಥಗಾರ ಜಾಣ. ನಮ್ಮದು ಹೂವಿನ ವ್ಯಾಪಾರ ಎಂದಷ್ಟೇ ಹೇಳಿದ್ದ. ಇದೂ ತಪ್ಪಿದರೆ ಇನ್ನೊಂದು ಸಂಬಂಧ ತರುವುದಿಲ್ಲವೆಂದೂ ಹೇಳಿ ಹೋಗಿದ್ದ. ನನಗೂ ಸಾಕಾಗಿತ್ತು. ಖರೇ ಹೇಳಬೇಕೆಂದರೆ, ಭಯವಾಗಿತ್ತು. ಅಪ್ಪನ ನಂತರ ಆ ಮನೆಯಲ್ಲಿ ನಾನೊಬ್ಬಳೇ, ಬಿದಿರಿನ ಗೂಡುಗಳು, ಮಣೆಯ ಮೇಲಿನ ಅಜ್ಜಿ.

"ಅಪ್ಪಾ, ಇವತ್ತ ನೆಲ ನೋಡು. ಅವರು ಬಂದಾಗಿನಿಂದ ಹೋಗೂತನಾ ನೆಲ ಬಿಟ್ಟು ಕಣ್ಣ ಎತ್ತಬ್ಯಾಡ," ಎಂದೆ.

"ನಿಮ್ಮವ್ವನ ಆಣಿ, ಎತ್ತೂದಿಲ್ಲ," ಎಂದ.

ಹಾಗೆ ಆಣೆ ಮಾಡುತ್ತಿರುವಾಗಲೇ ಅವನ ಕೈ ಬಾಳೆನಾರು ಎಳೆದು ಮರುಗ ಕಟ್ಟತೊಡಗಿತ್ತು.

ಯಾರಿಗೆ? ಕುಪ್ಪೇಲೂರಿನ ಬಸ್ಸು, ರಸ್ತೆಯ ತಿರುವು, ಏನೇನೋ ಕಣ್ಣ ಮುಂದೆ ಬಂತು. ಬಾಗಿಲಲ್ಲೇ ನಿಂತೆ. ಕೊನೆಗೆ ಮೂಲೆಯ ಎಸ್‌ಟಿಡಿ ಬೂತಿನವನು ಬಂದು, ಮೇಡ್ಲೇರಿಯ ಮುಪ್ಪಿನ ಅಮ್ಮನವರೊಬ್ಬರು ಹೋಗಿದ್ದಾರೆ, ಮಧ್ಯಾಹ್ನ ಟ್ರ್ಯಾಕ್ಟರ್ ತಂದು ವಿಮಾನ ಒಯ್ಯುತ್ತಾರೆ ಎಂದ. ದೇವರು ಕ್ಷಮಿಸಲಿ, ನನಗೆ ಜೀವ ಬಂದಂತಾಯಿತು. ನೋಡುವವರು ಬರುವುದು ಸಂಜೆಗೆ. ಅಷ್ಟರಲ್ಲಿ ವಿಮಾನ ಮನೆ ಬಿಟ್ಟಿರುತ್ತದೆ.

ಅಪ್ಪ ಟೀಚರಮ್ಮನಿಗೆ ಹೇಳಿದ: "ಇವತ್ತಿಂದು ನಿಮ್ಮ ರೀತೀಲೆ ಮಾಡ್ರಿ. ನಾ ನೋಡತೇನಿ."

ಆಕೆ ಮಲ್ಲಿಗೆ ಮೊಗ್ಗಿನ ಬಲೆ ಹೆಣೆದಳು. ಬಾಳೆಲೆಯನ್ನು ಮಡಿಚಿ ಅಂಚು ಕಟ್ಟಿದಳು. ಓಣಿಯ ಹಿಂದಿನ ರುದ್ರಭೂಮಿಯ ಬೇಲಿಯಿಂದ ಬುಟ್ಟಿ ತುಂಬ ಎಕ್ಕದ ಹೂವು ಕಿತ್ತು ತಂದು ಗೊಂಚಲು ಇಳಿಬಿಟ್ಟಳು. ಅವರಲ್ಲಿ ಮದುವೆಯ ಹಾರಕ್ಕೆ ಅದೇ ಹೂವಂತೆ, ಪ್ರೀತಿಯ ಗುರುತಂತೆ. ಮುಗಿದಾಗ ಅಂಗಳದ ಕಟ್ಟೆಯ ಮೇಲೆ ನಿಂತದ್ದು ವಿಮಾನದ ಹಾಗೆ ಕಾಣುತ್ತಲೇ ಇರಲಿಲ್ಲ. ರಾಜರು ಕೂರುವ ಪೀಠದಂತಿತ್ತು. ಕೈ ತೊಳೆಯಲು ಅವರಿಬ್ಬರೂ ಹಿತ್ತಲಿಗೆ ಹೋದರು. ನಾನು ಒಳಗೆ ಅವಲಕ್ಕಿಗೆ ಒಗ್ಗರಣೆ ಹಾಕುತ್ತಿದ್ದೆ.

ಕುಪ್ಪೇಲೂರಿನವರು ಮಧ್ಯಾಹ್ನದ ಬಸ್ಸಿಗೇ ಬಂದುಬಿಟ್ಟರು.

ವರನ ತಾಯಿ ನಲ್ಲಿಯ ಹತ್ತಿರ ಕಾಲು ತೊಳೆಯುತ್ತ ಉಳಿದರು. ವರ ಮುಂದೆ ಬಂದ. ದನಿ ಕೇಳಿದ್ದೇ ಅಪ್ಪ ಕಣ್ಣನ್ನು ನೆಲಕ್ಕೆ ನೆಟ್ಟು, "ಬರ್ರಿ, ಕುಂದ್ರಿ" ಎಂದ. ಅಂಗಳದಲ್ಲಿ ಕೂರುವಂಥದ್ದು ಇದ್ದದ್ದು ಒಂದೇ. ವರ ಹತ್ತಿ ಕೂತ.

ನಾನು ತಾಟು ಹಿಡಿದು ಹೊರಬಂದೆ. ಬಿಳಿ ಅಂಗಿಯ ಹುಡುಗ, ತಲೆಯ ಮೇಲೆ ಮಲ್ಲಿಗೆಯ ಬಲೆ, ಎರಡೂ ಕಡೆ ಎಕ್ಕದ ಗೊಂಚಲು, ಕೈ ತೊಡೆಯ ಮೇಲೆ, ಬೆನ್ನು ನೆಟ್ಟಗೆ. ಹೆಣ್ಣಿನ ಮನೆಯವರ ಮುಂದೆ ಗಂಭೀರವಾಗಿರಬೇಕೆಂದು ಅವನ ತಾಯಿ ಹೇಳಿ ಕರೆತಂದಿದ್ದರಂತೆ. ಅಲುಗುತ್ತಿರಲಿಲ್ಲ. ಹಿತ್ತಲಿನಿಂದ ಬಂದ ಟೀಚರಮ್ಮ ಕಂಬ ಹಿಡಿದುಕೊಂಡಳು.

"ಭಾಳ ಚಂದ ಮಾಡೀರಿ," ಎಂದ ವರ, ತುಟಿ ಮಾತ್ರ ಆಡಿಸಿ. "ನನ್ನ ಸಲುವಾಗಿ ಇಷ್ಟ್ಯಾಕ ಖರ್ಚ ಮಾಡಾಕ ಹೋದ್ರಿ?"

"ಖರ್ಚೇನಿಲ್ರಿ," ಎಂದ ಅಪ್ಪ ನೆಲಕ್ಕೆ.

ಅದೇ ಹೊತ್ತಿಗೆ ಟ್ರ್ಯಾಕ್ಟರ್ ಬಂತು. ಮೇಡ್ಲೇರಿಯ ಗಂಡಸರು ತಲೆಗೆ ಟವೆಲ್ ಹಾಕಿಕೊಂಡು ಮೆಲ್ಲಗೆ ಅಂಗಳಕ್ಕಿಳಿದರು. ವಿಮಾನ ನೋಡಿದರು. ಒಳಗೆ ಕೂತವನನ್ನು ನೋಡಿದರು. ಚಪ್ಪಲಿ ಬಿಟ್ಟರು.

"ಅಯ್ಯೋ ಶಿವನ! ಇದು ಬ್ಯಾರೆ ಯಾರ್ದೋ ಐತಿ. ಎಷ್ಟ ಸಣ್ಣ ವಯಸ್ಸು!" ಎಂದ ಹಿರಿಯ. ಕಣ್ಣು ತುಂಬಿ ಬಂದು, ಮುಂದೆ ಹೋಗಿ ವರನ ಪಾದಕ್ಕೆ ಹಣೆ ಹಚ್ಚಿದ.

ವರ ಕಾಲು ಹಿಂದಕ್ಕೆಳೆದುಕೊಂಡ. "ಏ, ಬ್ಯಾಡ್ರೀ ಯಜಮಾನ್ರ, ನೀವು ಹಿರ್‍ಯಾರು!"

ಹಿರಿಯನ ಕೂಗು ಹಳೇ ಬಸ್‌ಸ್ಟ್ಯಾಂಡಿಗೆ ಕೇಳಿಸಿರಬೇಕು. ಒಬ್ಬ ಗೋಡೆ ಹಾರಿದ. ಒಬ್ಬ ನೀರಿನ ಟಾಕಿಗೆ ಬಿದ್ದ. ಟ್ರ್ಯಾಕ್ಟರ್ ಹಿಂದಕ್ಕೆ ಹೋಗುವ ಸದ್ದಷ್ಟೇ ಕೇಳಿತು. ಆ ಗದ್ದಲದಲ್ಲಿ ಅಪ್ಪ ಆಣೆ ಮರೆತು ಕಣ್ಣೆತ್ತಿದ. ನಾನು ತಾಟು ಬಿಟ್ಟು ಓಡಿದೆ, ಹೊತ್ತಿಗೆ ಮುಟ್ಟಲಿಲ್ಲ. ಕಣ್ಣು ಸೊಂಟದಿಂದ ನೆತ್ತಿಗೆ ಏರಿತು, ಈ ಭುಜದಿಂದ ಆ ಭುಜಕ್ಕೆ ಹೋಯಿತು.

"ಭುಜ ಹಿಡೀತತಿ," ಎಂದ ಅಪ್ಪ. "ತಲಿ ಬಡೀತತಿ."

ಆಗಷ್ಟೇ ಬಂದ ವರನ ತಾಯಿಗೆ ಒಂದೇ ನೋಟಕ್ಕೆ ಎಲ್ಲ ಗೊತ್ತಾಯಿತು. "ಇಳಿಯೋ! ಇಳಿಯೋ ನನ್ನಪ್ಪಾ! ನಡಿ, ಬಸ್ಸ ಸಿಗತತಿ!" ಎಂದು ಅವನ ಕೈ ಹಿಡಿದು ಜಗ್ಗಿದರು. ನಾನು ಚೆಲ್ಲಿದ ಅವಲಕ್ಕಿ ಬಳಿಯಲು ಕೂತೆ. ಇನ್ನು ಮುಗಿಯಿತು ಅಂದುಕೊಂಡೆ, ಕಣ್ಣೀರೂ ಬಂತು.

ವರ ಇಳಿಯಲಿಲ್ಲ. ತಲೆಯ ಮೇಲಿನ ಬಿದಿರನ್ನು ಮುಟ್ಟಿ ನೋಡಿದ. ಪಕ್ಕದ ಕೀಲನ್ನೂ ಅಲುಗಾಡಿಸಿ ನೋಡಿದ.

"ಮಾವಾರ, ತಲಿ ಬಡೀತತಿ ಅಂದ್ರಿ. ಅಂದ್ರ ಇದು ನನ್ನ ಅಳತಿದಲ್ಲ?"

"ಅಲ್ರಿ. ಮೇಡ್ಲೇರಿ ಅಮ್ಮಾರದು."

"ನಂದು?"

"ಇನ್ನೂ ಮಾಡಿಲ್ರಿ," ಎಂದ ಅಪ್ಪ ಗಾಬರಿಯಿಂದ.

"ಮತ್ತ್ಯಾಕ ಅವಸರ ಮಾಡತೀಯವ್ವಾ? ಕುಂದ್ರು. ನಂದು ಮಾಡೂತನಾ ಟೈಮ್ ಐತಿ, ಚಾ ಕುಡಿಯೂಣು," ಎಂದು ಇಳಿದು ಬಂದು ನನ್ನ ಎದುರು ಕೂತು ಅವಲಕ್ಕಿ ಬಳಿಯಲು ಕೈ ಹಚ್ಚಿದ.

ಮದುವೆಗೆ ಅತ್ತೆಯವರದು ಒಂದೇ ಕರಾರು: ಬೀಗರು ಕಪ್ಪು ಕನ್ನಡಕ ಹಾಕಿಕೊಂಡೇ ಪೆಂಡಾಲಿನಲ್ಲಿ ಕೂರಬೇಕು. ಅಪ್ಪ ಹಾಕಿಕೊಂಡ. ಕಣ್ಣಿನ ಆಪರೇಶನ್ ಆಗಿದೆ ಎಂದುಕೊಂಡು ಜನ ಹತ್ತಿರ ಬಂದು, ಮೈ ಮೇಲೆ ಬಗ್ಗಿ ಕ್ಷೇಮ ವಿಚಾರಿಸಿದರು. ಯಾರಿಗೂ ಹೆದರಿಕೆ ಇರಲಿಲ್ಲ. ಪೇಟೆಯವರೆಲ್ಲ ಬಂದಿದ್ದರು.

ನನ್ನನ್ನು ಕಳಿಸಿಕೊಡುವಾಗ ಅಪ್ಪ ಕಿವಿಯ ಹತ್ತಿರ ಹೇಳಿದ: "ಪೆಂಡಾಲಿನಾಗಿದ್ದವರ್ದು ಎಲ್ಲಾರ್ದೂ ಅಳತಿ ತೊಗೊಂಡೆ. ಒಬ್ರಿಗೂ ಗೊತ್ತಾಗ್ಲಿಲ್ಲ."

ನಾನು ಅವನ ತೋಳು ಹಿಡಿದೆ. "ಅಪ್ಪಾ, ಇವರ್ದು? ಆವತ್ತ ನೋಡಿದ್ಯಲ್ಲ, ಎಷ್ಟಿತ್ತು?"

ಅಪ್ಪ ಕನ್ನಡಕ ತೆಗೆದು ಕಣ್ಣೊರೆಸಿಕೊಂಡ. "ಅವರ್ದು ಮರತೇನಿ ನೋಡವಾ."

ಆ ಮನುಷ್ಯ ಅಲ್ಲಿಯವರೆಗೆ ಒಂದೇ ಒಂದು ಅಳತೆ ಮರೆತವನಲ್ಲ. ನನಗೆ ಅಳು ತಡೆಯಲಾಗಲಿಲ್ಲ, ಅವನ ಎದೆಗೆ ಮುಖ ಇಟ್ಟು ಅತ್ತೆ. ಅಷ್ಟರಲ್ಲಿ ಪೆಂಡಾಲಿನ ಆಚೆ ತುದಿಯಿಂದ ನನ್ನತ್ತೆ ಮುಖದ ಮೇಲೆ ಪೂರ್ತಿ ಸೆರಗು ಎಳೆದುಕೊಂಡು, ಸಿಕ್ಕ ಕಂಬ ಕಂಬ ಹಿಡಿಯುತ್ತ ಕೂಗಿದರು: "ಬೀಗರ, ಕನ್ನಡಕ ಹಾಕ್ಕೊಳ್ರೀ! ನಾ ಬರಾಕತ್ತೇನಿ!"